ವಿದೇಶಿಯರನ್ನು ಮದುವೆಯಾದರೆ ವೀಸಾ, ಒಸಿಐ, ಪೌರತ್ವ: ಯಾವುದು ಯಾವಾಗ, ಹೇಗೆ?

ಮದುವೆಯಾದ ಮಾತ್ರಕ್ಕೆ ಯಾರ ಪೌರತ್ವವೂ ಬದಲಾಗುವುದಿಲ್ಲ. ಮೈಸೂರಿನ ಹುಡುಗಿ ಜರ್ಮನಿಯ ಹುಡುಗನ ಕೈ ಹಿಡಿದರೆ ಅವಳು ಭಾರತೀಯಳಾಗಿಯೇ ಇರುತ್ತಾಳೆ, ಅವನು ಜರ್ಮನಿಯವನಾಗಿಯೇ ಇರುತ್ತಾನೆ. ಮದುವೆಯಿಂದ ಸಿಗುವುದು ಅರ್ಜಿ ಹಾಕುವ ಹಕ್ಕು ಮಾತ್ರ. ಆ ಅರ್ಜಿಗೆ ಕಾಯಬೇಕಾದ ವರ್ಷಗಳಿವೆ, ಜೋಡಿಸಬೇಕಾದ ಕಾಗದಗಳಿವೆ, ತಪ್ಪಿಸಬಾರದ ಗಡುವುಗಳಿವೆ. ಮದುವೆಯ ಸಡಗರದಲ್ಲಿ ಇದನ್ನೆಲ್ಲ ಆಮೇಲೆ ನೋಡಿಕೊಳ್ಳೋಣ ಅಂದುಕೊಂಡವರು ಪರದಾಡುವುದನ್ನು ಕಂಡಿದ್ದೇನೆ. ಛತ್ರ ಬುಕ್ ಮಾಡುವ ಮೊದಲೇ ಈ ಲೆಕ್ಕ ಹಾಕಿಕೊಳ್ಳಿ ಅನ್ನುವುದಕ್ಕೇ ಈ ಬರಹ.

ಒಂದು ಕಾಲದಲ್ಲಿ ಪರಿಸ್ಥಿತಿ ಇನ್ನೂ ಕಷ್ಟವಿತ್ತು. 1907ರ ಅಮೆರಿಕದ ಕಾನೂನಿನ ಪ್ರಕಾರ ವಿದೇಶಿಯನನ್ನು ಮದುವೆಯಾದ ಅಮೆರಿಕನ್ ಹೆಣ್ಣು ತನ್ನ ಪೌರತ್ವವನ್ನೇ ಕಳೆದುಕೊಳ್ಳುತ್ತಿದ್ದಳು. 1922ರ ಕೇಬಲ್ ಕಾಯ್ದೆ ಬಂದ ಮೇಲೆ ಅದು ಸಡಿಲವಾಯಿತು. ನಮ್ಮ 1955ರ ಪೌರತ್ವ ಕಾಯ್ದೆಯಲ್ಲೂ ಮೊದಲು ಮದುವೆಯ ಆಧಾರದ ಮೇಲೆ ಅರ್ಜಿ ಹಾಕಲು ಅವಕಾಶ ಇದ್ದದ್ದು ಭಾರತೀಯನ ಹೆಂಡತಿಗೆ ಮಾತ್ರ. ಭಾರತೀಯ ಹೆಣ್ಣಿನ ವಿದೇಶಿ ಗಂಡನಿಗೆ ಆ ಅವಕಾಶ ಸಿಕ್ಕಿದ್ದು 1986ರ ತಿದ್ದುಪಡಿಯಿಂದ. ಈಗ ಗಂಡ, ಹೆಂಡತಿ ಇಬ್ಬರಿಗೂ ಒಂದೇ ನಿಯಮ.

ಮೊದಲು ನೋಡಬೇಕಾದ್ದು: ನಿಮ್ಮ ಸಂಗಾತಿ ನಿಜಕ್ಕೂ ವಿದೇಶಿಯೇ?

ವಿಚಿತ್ರ ಪ್ರಶ್ನೆ ಅನಿಸಬಹುದು. ಆದರೆ ಬೈಲಕುಪ್ಪೆ, ಮುಂಡಗೋಡದ ಕಡೆಯವರಿಗೆ ಇದು ಅರ್ಥವಾಗುತ್ತದೆ. 1950ರ ಜನವರಿ 26ರಿಂದ 1987ರ ಜುಲೈ 1ರ ಮೊದಲಿನವರೆಗೆ ಭಾರತದ ನೆಲದಲ್ಲಿ ಹುಟ್ಟಿದವರು, ತಂದೆ ತಾಯಿ ಯಾರೇ ಆಗಿರಲಿ, ಹುಟ್ಟಿನಿಂದಲೇ ಭಾರತದ ಪ್ರಜೆಗಳು. ರಾಯಭಾರಿಗಳ ಮಕ್ಕಳಂಥ ಒಂದೆರಡು ವಿನಾಯಿತಿ ಬಿಟ್ಟರೆ ಕಾನೂನು ಹೇಳುವುದು ಇಷ್ಟೇ. ಇಲ್ಲಿನ ಶಿಬಿರಗಳಲ್ಲಿ ಆ ಅವಧಿಯಲ್ಲಿ ಹುಟ್ಟಿದ ಟಿಬೆಟನ್ನರಿಗೂ ಇದು ಅನ್ವಯಿಸುತ್ತದೆ ಅಂತ 2010ರಲ್ಲಿ ದೆಹಲಿ ಹೈಕೋರ್ಟ್, 2013ರಲ್ಲಿ ಕರ್ನಾಟಕ ಹೈಕೋರ್ಟ್ ಹೇಳಿವೆ. ಅಂಥವರು ಮದುವೆಯ ಆಧಾರದ ಮೇಲೆ ಪೌರತ್ವ ಕೇಳುತ್ತಾ ವರ್ಷಗಟ್ಟಲೆ ಕಾಯಬೇಕಿಲ್ಲ. ಹುಟ್ಟಿದ ದಿನ, ಹುಟ್ಟಿದ ಊರಿನ ದಾಖಲೆ ಹುಡುಕಿಕೊಂಡು ನೇರವಾಗಿ ಪಾಸ್‌ಪೋರ್ಟ್‌ಗೆ ಅರ್ಜಿ ಹಾಕುವ ದಾರಿ ಇದೆ.

ಹೆಸರಿನ ಗೊಂದಲ ಈಗಲೇ ಬಗೆಹರಿಸಿ

ನಮ್ಮ ಕಡೆಯವರಿಗೆ ಅತಿ ಹೆಚ್ಚು ತೊಂದರೆ ಕೊಡುವುದು ಇನಿಷಿಯಲ್. ಒಂದು ಉದಾಹರಣೆ ತೆಗೆದುಕೊಳ್ಳಿ. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ‘ಸವಿತಾ ಎಚ್. ಎನ್.’ ಅಂತ ಇದೆ. ಆಧಾರ್‌ನಲ್ಲಿ ಬರೀ ‘ಸವಿತಾ’. ಪಾಸ್‌ಪೋರ್ಟ್‌ನಲ್ಲಿ ಇನಿಷಿಯಲ್ ಬಿಡಿಸಿ ‘ಸವಿತಾ ಹೊಸಹಳ್ಳಿ ನಾರಾಯಣಪ್ಪ’. ಮದುವೆ ನೋಂದಣಿಯಲ್ಲಿ ಮತ್ತೆ ‘ಎಚ್. ಎನ್. ಸವಿತಾ’. ಊರಲ್ಲಿ ಎಲ್ಲರಿಗೂ ಒಬ್ಬಳೇ ಸವಿತಾ. ಇನ್ನೊಂದು ದೇಶದ ವೀಸಾ ಅಧಿಕಾರಿಗೆ ಇವರು ನಾಲ್ಕು ಜನ!

ಮದುವೆ ಪ್ರಮಾಣಪತ್ರದಲ್ಲಿ ಇಬ್ಬರ ಹೆಸರೂ ಪಾಸ್‌ಪೋರ್ಟ್‌ನಲ್ಲಿ ಇರುವಂತೆಯೇ, ಅಕ್ಷರ ಅಕ್ಷರ ಹೊಂದುವಂತೆ ಇರಲಿ. ಮುಂದೆ ಒಸಿಐ (ಓವರ್‌ಸೀಸ್ ಸಿಟಿಜನ್ ಆಫ್ ಇಂಡಿಯಾ, ಅಂದರೆ ವಿದೇಶಿ ಪ್ರಜೆಗಳು ವೀಸಾ ಇಲ್ಲದೆ ಭಾರತದಲ್ಲಿ ಇರಲು ಕೊಡುವ ಕಾರ್ಡ್), ಗ್ರೀನ್ ಕಾರ್ಡ್, ಮಗುವಿನ ಜನನ ನೋಂದಣಿ ಎಲ್ಲವೂ ಈ ಒಂದು ಕಾಗದದ ಮೇಲೆ ನಿಂತಿರುತ್ತವೆ. ಪಾಸ್‌ಪೋರ್ಟ್‌ನಲ್ಲೇ ಸರ್‌ನೇಮ್ ಖಾಲಿ ಇದ್ದರೆ ಮದುವೆಗೆ ಮುಂಚೆ ಸರಿಮಾಡಿಸಿಕೊಳ್ಳುವುದು ಒಳ್ಳೆಯದು. ಮದುವೆಯಾದ ಮೇಲೆ ಗಂಡನ ಹೆಸರು ಸೇರಿಸಿಕೊಳ್ಳಲೇಬೇಕು ಅನ್ನುವ ನಿಯಮ ಎಲ್ಲೂ ಇಲ್ಲ. ಹಳೆಯ ಹೆಸರನ್ನೇ ಉಳಿಸಿಕೊಂಡರೆ ಅರ್ಧ ಕೆಲಸ ಕಡಿಮೆಯಾಗುತ್ತದೆ.

ಯಾವ ಕಾನೂನಿನಡಿ ಮದುವೆ?

ಹಿಂದೂ ವಿವಾಹ ಕಾಯ್ದೆಯಡಿ ಮದುವೆ ಆಗಬೇಕಾದರೆ ಇಬ್ಬರೂ ಆ ಕಾಯ್ದೆ ಹೇಳುವ ಅರ್ಥದಲ್ಲಿ ಹಿಂದೂಗಳಾಗಿರಬೇಕು. ವಿದೇಶಿ ಹುಡುಗ ಪಂಚೆ ಉಟ್ಟು, ಧಾರೆ ಎರೆಸಿಕೊಂಡು, ತಾಳಿ ಕಟ್ಟಿದ ಮಾತ್ರಕ್ಕೆ ಅದು ಆ ಕಾಯ್ದೆಯ ಮದುವೆ ಆಗುವುದಿಲ್ಲ. ಶಾಸ್ತ್ರ ನಿಮ್ಮ ಮನೆಯ ಸಂತೋಷಕ್ಕೆ ಇರಲಿ, ಕಾನೂನಿಗೆ 1954ರ ವಿಶೇಷ ವಿವಾಹ ಕಾಯ್ದೆಯನ್ನೇ ಆರಿಸಿಕೊಳ್ಳಿ. ಧರ್ಮ, ದೇಶ ಯಾವುದೂ ಅದಕ್ಕೆ ಅಡ್ಡಿಯಲ್ಲ.

ಇಬ್ಬರಲ್ಲಿ ಒಬ್ಬರಾದರೂ ಆ ಜಿಲ್ಲೆಯಲ್ಲಿ ಕನಿಷ್ಠ 30 ದಿನದಿಂದ ವಾಸವಾಗಿರಬೇಕು. ವಿವಾಹ ಅಧಿಕಾರಿಗೆ, ಅಂದರೆ ನಮ್ಮಲ್ಲಿ ಸಬ್ ರಿಜಿಸ್ಟ್ರಾರ್‌ಗೆ, ನೋಟಿಸ್ ಕೊಡಬೇಕು. ಅದನ್ನು ಕಚೇರಿಯಲ್ಲಿ ಹಚ್ಚುತ್ತಾರೆ. ಆಕ್ಷೇಪಣೆಗೆ 30 ದಿನ ಸಮಯ. ಆಮೇಲೆ ಮೂವರು ಸಾಕ್ಷಿಗಳ ಎದುರು ಮದುವೆ. ನೋಟಿಸ್ ಕೊಟ್ಟು ಮೂರು ತಿಂಗಳೊಳಗೆ ಮದುವೆ ಆಗದಿದ್ದರೆ ಮತ್ತೆ ಮೊದಲಿಂದ ಶುರು.

ಇಲ್ಲಿ ಜನ ಎಡವುವುದು ದಿನಗಳ ಲೆಕ್ಕದಲ್ಲಿ. ಸಂಗಾತಿ 30 ದಿನದ ಇ-ಟೂರಿಸ್ಟ್ ವೀಸಾದಲ್ಲಿ ಬಂದು, ಬಂದ ಮೇಲೆ ನೋಟಿಸ್ ಕೊಟ್ಟರೆ, ನೋಟಿಸ್ ಅವಧಿ ಮುಗಿಯುವ ಮೊದಲೇ ವೀಸಾ ಮುಗಿದಿರುತ್ತದೆ. ಬರುವಾಗಲೇ ಸಾಕಷ್ಟು ದಿನ ಉಳಿಯಬಹುದಾದ ವೀಸಾ ತರುವುದು ಜಾಣತನ. ಜೊತೆಗೆ ಅವರ ದೇಶದಿಂದ ‘ಈ ವ್ಯಕ್ತಿಗೆ ಈಗ ಬೇರೆ ಮದುವೆ ಇಲ್ಲ’ ಅನ್ನುವ ಪತ್ರ, ಜನನ ಪ್ರಮಾಣಪತ್ರ, ಹಿಂದೆ ಮದುವೆ ಆಗಿದ್ದರೆ ವಿಚ್ಛೇದನದ ಆದೇಶ ತರಬೇಕು. ಇಂಗ್ಲಿಷ್‌ನಲ್ಲಿ ಇಲ್ಲದ ಕಾಗದಕ್ಕೆ ಅಧಿಕೃತ ಅನುವಾದ ಬೇಕು. ದಾಖಲೆ ದೃಢೀಕರಣದ ಹೇಗ್ ಒಪ್ಪಂದಕ್ಕೆ ಸೇರಿದ ದೇಶವಾದರೆ, ಕಾಗದ ಅಸಲಿ ಅಂತ ತೋರಿಸುವ ಅಪೊಸ್ಟಿಲ್ ಮುದ್ರೆ ಅಲ್ಲೇ ಹಾಕಿಸಿಕೊಂಡು ಬರಲಿ. ಇಲ್ಲಿಗೆ ಬಂದ ಮೇಲೆ ಅದನ್ನು ತರಿಸುವುದು ತಲೆನೋವು. ಯಾವ ಕಾಗದ ಬೇಕು ಅನ್ನುವುದು ಕಚೇರಿಯಿಂದ ಕಚೇರಿಗೆ ಸ್ವಲ್ಪ ಬದಲಾಗುತ್ತದೆ, ಹಾಗಾಗಿ ನಿಮ್ಮ ಸಬ್ ರಿಜಿಸ್ಟ್ರಾರ್ ಆಫೀಸಿಗೆ ಒಮ್ಮೆ ಹೋಗಿ ಕೇಳಿಕೊಂಡು ಬನ್ನಿ.

ಹೊರದೇಶದಲ್ಲೇ ಮದುವೆಯಾಗುವವರಿಗೆ ಎರಡು ದಾರಿ. ಅಲ್ಲಿನ ಕಾನೂನಿನ ಪ್ರಕಾರ ಆಗಬಹುದು. ಇಲ್ಲವೇ 1969ರ ವಿದೇಶಿ ವಿವಾಹ ಕಾಯ್ದೆಯಡಿ ಭಾರತೀಯ ರಾಯಭಾರ ಕಚೇರಿಯ ವಿವಾಹ ಅಧಿಕಾರಿಯ ಮುಂದೆ ಆಗಬಹುದು. ಎರಡನೆಯದಕ್ಕೆ ಇಬ್ಬರಲ್ಲಿ ಒಬ್ಬರಾದರೂ ಭಾರತೀಯ ಪ್ರಜೆಯಾಗಿರಬೇಕು.

ದೇವಸ್ಥಾನದಲ್ಲಿ ಮದುವೆಯಾಗಿ, ನೋಂದಣಿಯನ್ನು ವರ್ಷಗಟ್ಟಲೆ ಮುಂದೂಡುವುದು ಮಾತ್ರ ಬೇಡವೇ ಬೇಡ. ಮುಂದಿನ ಎಲ್ಲ ಕಾಯುವ ಅವಧಿಗೂ ನೋಂದಾಯಿತ ಮದುವೆಯೇ ಆಧಾರ. ಲಗ್ನಪತ್ರಿಕೆ, ಮದುವೆ ಫೋಟೊ ಎಸೆಯಬೇಡಿ. ಸಂಸಾರ ನಿಜವಾದದ್ದೇ ಅಂತ ತೋರಿಸಲು ಮುಂದೆ ಅವೂ ಬೇಕಾಗುತ್ತವೆ.

ಮದುವೆಯ ನಂತರದ ಮೊದಲ ಎರಡು ವರ್ಷ

ಭಾರತದಲ್ಲಿ ನೆಲೆಸುವ ವಿದೇಶಿ ಸಂಗಾತಿಗೆ ಮೊದಲು ಸಿಗುವುದು ಎಂಟ್ರಿ ವೀಸಾ. ಎಕ್ಸ್ ವೀಸಾ ಅಂತಲೂ ಕರೆಯುತ್ತಾರೆ. ಬೇರೆ ವೀಸಾದಲ್ಲಿ ಬಂದು ಇಲ್ಲೇ ಮದುವೆಯಾದವರು ಇದಕ್ಕೆ ಬದಲಾಯಿಸಿಕೊಳ್ಳಲು ವಿದೇಶಿಯರ ಪ್ರಾದೇಶಿಕ ನೋಂದಣಿ ಕಚೇರಿಗೆ, ಅಂದರೆ ಎಫ್‌ಆರ್‌ಆರ್‌ಒಗೆ, ಆನ್‌ಲೈನ್‌ನಲ್ಲಿ ಅರ್ಜಿ ಹಾಕಬಹುದು. ನಮ್ಮ ರಾಜ್ಯಕ್ಕೆ ಆ ಕಚೇರಿ ಬೆಂಗಳೂರಿನಲ್ಲಿದೆ. ಜಿಲ್ಲೆಗಳಲ್ಲಿ ಎಸ್‌ಪಿ ಕಚೇರಿಯ ವಿದೇಶಿಯರ ವಿಭಾಗ ಸ್ಥಳೀಯ ವಿಚಾರಣೆ ನೋಡಿಕೊಳ್ಳುತ್ತದೆ. 180 ದಿನಕ್ಕಿಂತ ಹೆಚ್ಚಿನ ಅವಧಿಯ ವೀಸಾ ಇದ್ದವರು ಬಂದ 14 ದಿನದೊಳಗೆ ನೋಂದಣಿ ಮಾಡಿಸಬೇಕು. ಮನೆ ಬದಲಾಯಿಸಿದರೆ ಅದನ್ನೂ ತಿಳಿಸಬೇಕು. ವಿಚಾರಣೆಗೆ ಮನೆಗೆ ಪೊಲೀಸರು ಬಂದರೆ ಅತ್ತೆ ಮಾವ ಗಾಬರಿ ಬೀಳುವುದು ಬೇಡ, ಮೊದಲೇ ಹೇಳಿಟ್ಟಿರಿ.

ಈ ವೀಸಾದ ಮೇಲೆ ಇರಬಹುದು, ಸಂಸಾರ ಮಾಡಬಹುದು. ಅನುಮತಿ ಇಲ್ಲದೆ ಸಂಬಳದ ಕೆಲಸ ಮಾಡುವಂತಿಲ್ಲ. ಅಲ್ಲೇ ಬಹಳ ಜನರಿಗೆ ಉಸಿರುಗಟ್ಟುವುದು. ತನ್ನ ದೇಶದಲ್ಲಿ ದುಡಿಯುತ್ತಿದ್ದ ಮನುಷ್ಯ ಇಲ್ಲಿ ಮನೆಯಲ್ಲಿ ಸುಮ್ನೆ ಕೂರಬೇಕಾಗುತ್ತದೆ. ಈ ಎರಡು ವರ್ಷವನ್ನು ಹೇಗೆ ಕಳೆಯುವುದು, ಖರ್ಚು ಹೇಗೆ ಅಂತ ಇಬ್ಬರೂ ಕೂತು ಮೊದಲೇ ಮಾತಾಡಿಕೊಳ್ಳಿ.

ವೀಸಾ ಮುಗಿಯುವ ದಿನವನ್ನು ಕ್ಯಾಲೆಂಡರಿನಲ್ಲಿ ಕೆಂಪಿನಲ್ಲಿ ಬರೆದಿಡಿ. 2025ರ ಸೆಪ್ಟೆಂಬರ್ 1ರಿಂದ ಹೊಸ ವಲಸೆ ಮತ್ತು ವಿದೇಶಿಯರ ಕಾಯ್ದೆ ಜಾರಿಯಲ್ಲಿದೆ. 1946ರ ವಿದೇಶಿಯರ ಕಾಯ್ದೆಯೂ ಸೇರಿ ನಾಲ್ಕು ಹಳೆಯ ಕಾಯ್ದೆಗಳ ಜಾಗಕ್ಕೆ ಇದು ಬಂದಿದೆ. ವೀಸಾ ಅವಧಿ ಮೀರಿ ಉಳಿದರೆ ಮೂರು ವರ್ಷದವರೆಗೆ ಜೈಲು, ಮೂರು ಲಕ್ಷ ರೂಪಾಯಿವರೆಗೆ ದಂಡ ಹಾಕಲು ಇದರಲ್ಲಿ ಅವಕಾಶ ಇದೆ. ‘ನಾನು ಭಾರತೀಯಳ ಗಂಡ’ ಅನ್ನುವ ಮಾತು ಅಲ್ಲಿ ರಕ್ಷಣೆಗೆ ಬರುವುದಿಲ್ಲ.

ಒಸಿಐ: ಎಲ್ಲರೂ ಕಾಯುವ ಕಾರ್ಡ್

ಮದುವೆ ನೋಂದಣಿಯಾಗಿ, ಅರ್ಜಿ ಹಾಕುವ ದಿನದ ಹಿಂದಿನ ಎರಡು ವರ್ಷ ಸತತವಾಗಿ ಮುಂದುವರಿದಿದ್ದರೆ, ಭಾರತೀಯ ಪ್ರಜೆಯ ವಿದೇಶಿ ಸಂಗಾತಿ ಒಸಿಐ ಕಾರ್ಡ್‌ಗೆ ಅರ್ಜಿ ಹಾಕಬಹುದು. ಒಸಿಐ ಕಾರ್ಡ್ ಇರುವವರನ್ನು ಮದುವೆಯಾದ ವಿದೇಶಿಯರಿಗೂ ಇದೇ ನಿಯಮ. ಅರ್ಜಿ ಆನ್‌ಲೈನ್. ಭಾರತದೊಳಗೆ ಹಾಕಿದರೆ ಶುಲ್ಕ 15,000 ರೂಪಾಯಿ, ಹೊರಗೆ 275 ಡಾಲರ್. ಟೂರಿಸ್ಟ್ ವೀಸಾದಲ್ಲಿ ಇದ್ದುಕೊಂಡು ಇಲ್ಲಿಂದ ಅರ್ಜಿ ಹಾಕುವಂತಿಲ್ಲ. ಸಂಗಾತಿಯ ಅರ್ಜಿಗೆ ಭದ್ರತಾ ಪರಿಶೀಲನೆ ಕಡ್ಡಾಯ, ಹಾಗಾಗಿ ಸಮಯ ಹಿಡಿಯುತ್ತದೆ. ಆ ನಡುವೆ ಎಂಟ್ರಿ ವೀಸಾ ಮುಗಿಯುವುದಿದ್ದರೆ ಅದನ್ನು ವಿಸ್ತರಿಸಿಕೊಳ್ಳುತ್ತಲೇ ಇರಬೇಕು.

ಕಾರ್ಡ್ ಬಂದ ಮೇಲೆ ಬದುಕು ಹಗುರವಾಗುತ್ತದೆ. ಎಷ್ಟು ಸಲ ಬೇಕಾದರೂ ಬಂದು ಹೋಗಬಹುದು. ವಾಸಕ್ಕೆ ಎಫ್‌ಆರ್‌ಆರ್‌ಒ ನೋಂದಣಿ ಬೇಡ. ಕೆಲಸಕ್ಕೆ ಸೇರಬಹುದು. ಸೈಟು, ಫ್ಲ್ಯಾಟು ಕೊಳ್ಳಬಹುದು. ಆದರೆ ಹೊಲ, ಗದ್ದೆ, ತೋಟ, ಫಾರ್ಮ್‌ಹೌಸ್ ಕೊಳ್ಳುವಂತಿಲ್ಲ. ಕೊಡಗು, ಚಿಕ್ಕಮಗಳೂರಿನಲ್ಲಿ ಕಾಫಿ ತೋಟದ ಕನಸು ಕಾಣುವ ಜೋಡಿಗಳು ಇದನ್ನು ಮರೆಯಬಾರದು. ಮತದಾನದ ಹಕ್ಕಿಲ್ಲ, ಸರ್ಕಾರಿ ನೌಕರಿಯೂ ಸಾಮಾನ್ಯವಾಗಿ ಇಲ್ಲ. ಪತ್ರಿಕೋದ್ಯಮ, ಸಂಶೋಧನೆ, ಧರ್ಮಪ್ರಚಾರ, ಪರ್ವತಾರೋಹಣಕ್ಕೆ 2021ರ ಮಾರ್ಚ್ 4ರ ಅಧಿಸೂಚನೆಯ ಪ್ರಕಾರ ಪ್ರತ್ಯೇಕ ಅನುಮತಿ ಬೇಕು.

ಮದುವೆಯ ಆಧಾರದ ಒಸಿಐಗೆ ಇನ್ನೊಂದು ಕಟ್ಟುಪಾಡಿದೆ. ಸಂಗಾತಿ ಹೊಸ ಪಾಸ್‌ಪೋರ್ಟ್ ಪಡೆದಾಗಲೆಲ್ಲ, ಮೂರು ತಿಂಗಳೊಳಗೆ ಅದರ ಪ್ರತಿ ಮತ್ತು ಹೊಸ ಫೋಟೊ ಅಪ್‌ಲೋಡ್ ಮಾಡಬೇಕು. ಜೊತೆಗೆ ‘ನಮ್ಮ ಮದುವೆ ಈಗಲೂ ಊರ್ಜಿತದಲ್ಲಿದೆ’ ಅನ್ನುವ ಘೋಷಣೆಯನ್ನೂ ಕೊಡಬೇಕು. ಏಕೆಂದರೆ ಈ ಕಾರ್ಡ್ ಮದುವೆಯ ಜೊತೆಗೇ ಬದುಕುವಂಥದ್ದು. ನ್ಯಾಯಾಲಯದಿಂದ ವಿಚ್ಛೇದನವಾದರೆ ಸರ್ಕಾರ ಅದನ್ನು ರದ್ದು ಮಾಡಬಹುದು. ಹತ್ತು ಹದಿನೈದು ವರ್ಷ ಇಲ್ಲೇ ಬೇರು ಬಿಟ್ಟ ಮನುಷ್ಯ, ಅದರಲ್ಲೂ ಇಲ್ಲೇ ಮಕ್ಕಳಿರುವ ತಾಯಿ ಅಥವಾ ತಂದೆ, ಒಂದು ತೀರ್ಪಿನಿಂದ ಮತ್ತೆ ವೀಸಾಕ್ಕಾಗಿ ಅಲೆಯಬೇಕಾಗುವುದು ನ್ಯಾಯವಲ್ಲ ಅಂತ ನನಗೆ ಬಲವಾಗಿ ಅನಿಸುತ್ತದೆ. ಆದರೆ ಸದ್ಯಕ್ಕೆ ಕಾನೂನು ಇರುವುದು ಹೀಗೆ.

ಪಾಕಿಸ್ತಾನ, ಬಾಂಗ್ಲಾದೇಶದ ಪ್ರಜೆಗಳಿಗೆ, ಅಥವಾ ತಂದೆ ತಾಯಿ, ಅಜ್ಜ ಅಜ್ಜಿ, ಮುತ್ತಜ್ಜ ಮುತ್ತಜ್ಜಿಯರಲ್ಲಿ ಯಾರಾದರೂ ಆ ದೇಶಗಳ ಪ್ರಜೆಗಳಾಗಿದ್ದವರಿಗೆ, ಒಸಿಐ ಇಲ್ಲ. ಅಲ್ಲಿಂದ ಭಟ್ಕಳದಂಥ ಊರುಗಳಿಗೆ ಮದುವೆಯಾಗಿ ಬಂದ ಹೆಣ್ಣುಮಕ್ಕಳಿಗೆ ಇರುವ ದಾರಿ ದೀರ್ಘಾವಧಿ ವೀಸಾ. ಅದರ ಬೆಲೆ ಏನು ಅಂತ ಪಹಲ್ಗಾಮ್ ದಾಳಿಯ ನಂತರ ಗೊತ್ತಾಯಿತು. 2025ರ ಏಪ್ರಿಲ್‌ನಲ್ಲಿ ಪಾಕಿಸ್ತಾನಿಯರ ವೀಸಾಗಳನ್ನು ಕೇಂದ್ರ ರದ್ದು ಮಾಡಿದಾಗ ದೀರ್ಘಾವಧಿ ವೀಸಾ ಇದ್ದವರಿಗೆ ವಿನಾಯಿತಿ ಸಿಕ್ಕಿತು. ಅಲ್ಪಾವಧಿ ವೀಸಾದಲ್ಲಿ ಬಂದವರು ಕೆಲವೇ ದಿನಗಳಲ್ಲಿ ದೇಶ ಬಿಡಬೇಕಾಯಿತು. ಇಂಥ ಕುಟುಂಬಗಳು ದೀರ್ಘಾವಧಿ ವೀಸಾದ ಅರ್ಜಿ, ನವೀಕರಣವನ್ನು ಒಂದು ದಿನವೂ ತಡಮಾಡಬಾರದು.

ಪೌರತ್ವವೇ ಬೇಕೆಂದರೆ

ಎರಡು ದಾರಿ ಇವೆ. ಒಂದು, ಭಾರತೀಯ ಪ್ರಜೆಯನ್ನು ಮದುವೆಯಾಗಿ ಇಲ್ಲಿ ಏಳು ವರ್ಷ ವಾಸವಿದ್ದವರು ಅರ್ಜಿ ಹಾಕಬಹುದು. ಏಳು ವರ್ಷ ಅಂದರೆ ಅರ್ಜಿಯ ಹಿಂದಿನ 12 ತಿಂಗಳು ಪೂರ್ತಿ ಇಲ್ಲೇ ಇರಬೇಕು, ಅದಕ್ಕೂ ಹಿಂದಿನ ಎಂಟು ವರ್ಷಗಳಲ್ಲಿ ಒಟ್ಟು ಆರು ವರ್ಷಕ್ಕೆ ಕಡಿಮೆ ಇಲ್ಲದಂತೆ ಇದ್ದಿರಬೇಕು. ಹಾಗಾಗಿ ಹಳೆಯ ಪಾಸ್‌ಪೋರ್ಟ್‌ಗಳ ಪ್ರತಿ ಪುಟವೂ ಬೇಕು, ಬಂದು ಹೋದ ಮುದ್ರೆಗಳೇ ಸಾಕ್ಷಿ. ಇನ್ನೊಂದು, ಒಸಿಐ ಆಗಿ ಐದು ವರ್ಷ ಆದವರು, ಅರ್ಜಿಯ ಹಿಂದಿನ 12 ತಿಂಗಳು ಇಲ್ಲಿ ವಾಸವಿದ್ದರೆ, ಅದರ ಆಧಾರದ ಮೇಲೆ ಹಾಕಬಹುದು. ಅರ್ಜಿ ಆನ್‌ಲೈನ್, ಪರಿಶೀಲನೆ ಡಿಸಿ ಕಚೇರಿಯ ಮೂಲಕ, ತೀರ್ಮಾನ ಕೇಂದ್ರ ಗೃಹ ಇಲಾಖೆಯದು.

ಭಾರತ ಎರಡು ಪೌರತ್ವ ಒಪ್ಪುವುದಿಲ್ಲ. ಇಲ್ಲಿನದು ಬೇಕೆಂದರೆ ಅಲ್ಲಿನದು ಬಿಡಬೇಕು. ಆದರೆ ಭಾರತ ಸರ್ಕಾರದ ಒಪ್ಪಿಗೆ ಪತ್ರ ಕೈಗೆ ಬರುವ ಮೊದಲು ಮಾತ್ರ ಬಿಡಬೇಡಿ. ಆತುರಪಟ್ಟು ಮೊದಲೇ ಬಿಟ್ಟರೆ ಅತ್ತ ಆ ದೇಶವೂ ಇಲ್ಲ, ಇತ್ತ ಈ ದೇಶವೂ ಇಲ್ಲ ಅನ್ನುವ ಸ್ಥಿತಿ ಬರುತ್ತದೆ. ಪಾಸ್‌ಪೋರ್ಟ್ ಇಲ್ಲದ ಮನುಷ್ಯನಿಗೆ ಹುಟ್ಟೂರಿನಲ್ಲಿ ತಾಯಿ ತೀರಿಕೊಂಡರೂ ಹೋಗಲಾಗದು. ನನ್ನನ್ನು ಕೇಳಿದರೆ, ಬಹಳ ಜನರಿಗೆ ಒಸಿಐ ಸಾಕು. ಮತ ಹಾಕಬೇಕು, ಈ ಮಣ್ಣಿನವರೇ ಆಗಬೇಕು ಅನ್ನುವ ಹಂಬಲ ಗಟ್ಟಿಯಾಗಿದ್ದರೆ ಮಾತ್ರ ಮುಂದಿನ ಹೆಜ್ಜೆ ಇಡಿ.

ನೀವೇ ಅವರ ದೇಶಕ್ಕೆ ಹೋಗುವುದಾದರೆ

ಪ್ರತಿ ದೇಶಕ್ಕೂ ಅದರದೇ ಲೆಕ್ಕ. ನಮ್ಮವರು ಜಾಸ್ತಿ ಹೋಗುವ ದೇಶಗಳ ಮುಖ್ಯ ಅಂಶ ಹೇಳುತ್ತೇನೆ.

ಅಮೆರಿಕದ ಪ್ರಜೆಯನ್ನು ಮದುವೆಯಾದವರಿಗೆ ವರ್ಷಕ್ಕೆ ಇಷ್ಟೇ ವೀಸಾ ಅನ್ನುವ ಮಿತಿಯ ಸಾಲು ಇಲ್ಲ. ಗ್ರೀನ್ ಕಾರ್ಡ್ ಇರುವವರ ಸಂಗಾತಿಗೆ ಸಾಲು ಇದೆ. ಈ ವ್ಯತ್ಯಾಸವನ್ನು ಸಂಬಂಧ ನೋಡುವಾಗಲೇ ಕೇಳಿ ತಿಳಿದುಕೊಳ್ಳಿ. ಗ್ರೀನ್ ಕಾರ್ಡ್ ಸಿಗುವ ದಿನಕ್ಕೆ ಮದುವೆಯಾಗಿ ಎರಡು ವರ್ಷ ಆಗಿರದಿದ್ದರೆ ಕೊಡುವುದು ಎರಡು ವರ್ಷದ ಷರತ್ತಿನ ಕಾರ್ಡ್. ಅದು ಮುಗಿಯುವ ಮುಂಚಿನ 90 ದಿನದೊಳಗೆ ಐ-751 ಅರ್ಜಿ ಹಾಕಿ ಷರತ್ತು ತೆಗೆಸಿಕೊಳ್ಳಬೇಕು. ಸಾಮಾನ್ಯವಾಗಿ ಇಬ್ಬರೂ ಸಹಿ ಹಾಕಬೇಕು. ಆದರೆ ವಿಚ್ಛೇದನ ಆಗಿದ್ದರೆ ಅಥವಾ ಹಿಂಸೆ ನಡೆದಿದ್ದರೆ ಒಬ್ಬರೇ ಹಾಕಲು ಅವಕಾಶ ಇದೆ. ‘ನಾನು ಸಹಿ ಹಾಕದಿದ್ದರೆ ನಿನ್ನನ್ನು ಊರಿಗೆ ಕಳಿಸುತ್ತಾರೆ’ ಅಂತ ಗಂಡ ಹೆದರಿಸಿದರೆ ನಂಬಬೇಡಿ. ಪ್ರಜೆಯಾದ ಸಂಗಾತಿಯ ಜೊತೆ ಬದುಕುತ್ತಿದ್ದರೆ ಗ್ರೀನ್ ಕಾರ್ಡ್ ಬಂದು ಮೂರು ವರ್ಷಕ್ಕೆ ಪೌರತ್ವ ಕೇಳಬಹುದು, ಉಳಿದವರಿಗೆ ಐದು ವರ್ಷ.

ಬ್ರಿಟನ್‌ನಲ್ಲಿ ಸಂಗಾತಿ ವೀಸಾಕ್ಕೆ ಕನಿಷ್ಠ ಆದಾಯದ ಮಿತಿ 2024ರ ಏಪ್ರಿಲ್‌ನಿಂದ ವರ್ಷಕ್ಕೆ 29,000 ಪೌಂಡ್. ಮೊದಲು 33 ತಿಂಗಳು, ಆಮೇಲೆ 30 ತಿಂಗಳು, ಐದು ವರ್ಷಕ್ಕೆ ಕಾಯಂ ವಾಸ. ಕೆನಡಾದಲ್ಲಿ ಸಂಗಾತಿಗೆ ನೇರವಾಗಿ ಪಿಆರ್ (ಕಾಯಂ ವಾಸದ ಅನುಮತಿ), 2017ರಲ್ಲೇ ಷರತ್ತಿನ ಪದ್ಧತಿ ತೆಗೆದರು. ಜರ್ಮನಿಗೆ ಹೋಗುವವರು ಸಾಮಾನ್ಯವಾಗಿ ಹೊರಡುವ ಮೊದಲೇ ಎ1, ಅಂದರೆ ಆರಂಭಿಕ ಮಟ್ಟದ, ಜರ್ಮನ್ ಭಾಷೆ ಪಾಸಾಗಬೇಕು. ಅದರ ಪಾಠ, ಪರೀಕ್ಷೆ ಬೆಂಗಳೂರಿನ ಮ್ಯಾಕ್ಸ್ ಮುಲ್ಲರ್ ಭವನದಲ್ಲೇ ನಡೆಯುತ್ತದೆ.

ಅಲ್ಲಿ ಎಷ್ಟೇ ವರ್ಷ ಇದ್ದರೂ ಭಾರತೀಯ ಪಾಸ್‌ಪೋರ್ಟ್ ಇರುವವರೆಗೆ ನೀವು ಭಾರತೀಯರೇ. ವಿದೇಶದ ಮತದಾರರಾಗಿ ಫಾರ್ಮ್ 6ಎ ಮೂಲಕ ಊರಿನ ಪಟ್ಟಿಯಲ್ಲಿ ಹೆಸರು ಇಟ್ಟುಕೊಳ್ಳಬಹುದು. ಆ ದೇಶದ ಪೌರತ್ವ ತೆಗೆದುಕೊಂಡ ಕ್ಷಣಕ್ಕೆ ಭಾರತದ ಪೌರತ್ವ ತಾನಾಗಿ ಹೋಗುತ್ತದೆ. ಹಳೆಯ ಪಾಸ್‌ಪೋರ್ಟ್ ಒಪ್ಪಿಸಿ ಪತ್ರ ಪಡೆದು, ಒಸಿಐ ಮಾಡಿಸಿಕೊಳ್ಳಿ. ಅಪ್ಪನ ಕೃಷಿ ಜಮೀನು ಪಾಲಿಗೆ ಬಂದರೆ ಇಟ್ಟುಕೊಳ್ಳಬಹುದು. ಹೊಸದಾಗಿ ಕೊಳ್ಳುವಂತಿಲ್ಲ. ಮಾರುವುದಾದರೆ ಭಾರತದಲ್ಲೇ ವಾಸವಿರುವ ಭಾರತೀಯ ಪ್ರಜೆಗೆ ಮಾರಬೇಕು.

ಮಕ್ಕಳು

ಭಾರತದಲ್ಲಿ 2004ರ ಡಿಸೆಂಬರ್ 3ರ ನಂತರ ಹುಟ್ಟಿದ ಮಗುವಿಗೆ, ತಂದೆ ತಾಯಿಯರಲ್ಲಿ ಒಬ್ಬರು ಭಾರತೀಯರಾಗಿದ್ದು, ಇನ್ನೊಬ್ಬರು ಮಗು ಹುಟ್ಟಿದ ಹೊತ್ತಿಗೆ ಅಕ್ರಮ ವಲಸಿಗರಾಗಿರದಿದ್ದರೆ ಮಾತ್ರ ಹುಟ್ಟಿನಿಂದ ಪೌರತ್ವ. ಅಂದರೆ ಹೆರಿಗೆಯ ದಿನ ತಂದೆಯ ಅಥವಾ ತಾಯಿಯ ವೀಸಾ ಮುಗಿದುಹೋಗಿದ್ದರೆ ಅದರ ಪೆಟ್ಟು ಮಗುವಿನ ಪೌರತ್ವಕ್ಕೆ ಬೀಳಬಹುದು. ಬಸುರಿಯ ತಿಂಗಳುಗಳಲ್ಲಿ ವೀಸಾ ದಿನಾಂಕದ ಮೇಲೆ ಕಣ್ಣಿರಲಿ.

ಹೊರದೇಶದಲ್ಲಿ ಹುಟ್ಟಿದರೆ ಒಂದು ವರ್ಷದೊಳಗೆ ಭಾರತೀಯ ದೂತಾವಾಸದಲ್ಲಿ ಜನನ ನೋಂದಾಯಿಸಬೇಕು, ಮಗುವಿಗೆ ಬೇರೆ ದೇಶದ ಪಾಸ್‌ಪೋರ್ಟ್ ಇಲ್ಲ ಅಂತ ಘೋಷಿಸಬೇಕು. ಬಾಣಂತನದ ಗಡಿಬಿಡಿಯಲ್ಲಿ ಈ ವರ್ಷ ಹೇಗೆ ಕಳೆಯಿತೋ ಗೊತ್ತೇ ಆಗುವುದಿಲ್ಲ, ಹೆರಿಗೆಗೆ ಮುಂಚೆಯೇ ಫಾರ್ಮ್ ತುಂಬಿಟ್ಟುಕೊಳ್ಳಿ. ಬೇರೆ ಪಾಸ್‌ಪೋರ್ಟ್ ಮಾಡಿಸುವುದಾದರೆ ಮಗುವಿಗೆ ಒಸಿಐ ಸಿಗುತ್ತದೆ, ಅದಕ್ಕೆ ಎರಡು ವರ್ಷ ಕಾಯಬೇಕಿಲ್ಲ. ಆದರೆ ನೀಟ್, ಜೆಇಇಯಲ್ಲಿ 2021ರ ಮಾರ್ಚ್ 4ರ ನಂತರ ಒಸಿಐ ಪಡೆದ ವಿದ್ಯಾರ್ಥಿಗಳಿಗೆ ಎನ್‌ಆರ್‌ಐ ಕೋಟಾದ ಅಥವಾ ಹೆಚ್ಚುವರಿ (ಸೂಪರ್ ನ್ಯೂಮರರಿ) ಸೀಟು ಮಾತ್ರ. ಓದು ಇಲ್ಲೇ ಅಂತ ತೀರ್ಮಾನಿಸಿದವರು ಇದನ್ನು ಯೋಚಿಸಿ.

ಸಂಬಂಧ ಮುರಿದರೆ

ಮಕ್ಕಳನ್ನು ಗಡಿ ದಾಟಿಸಿ ಕರೆದೊಯ್ಯುವ ಬಗ್ಗೆ 1980ರ ಹೇಗ್ ಒಪ್ಪಂದಕ್ಕೆ ಭಾರತ ಸೇರಿಲ್ಲ. ಹಾಗಾಗಿ ಇಂಥ ಜಗಳ ಎರಡು ದೇಶಗಳ ಕೋರ್ಟುಗಳಲ್ಲಿ ವರ್ಷಗಟ್ಟಲೆ ಎಳೆಯುತ್ತದೆ. ಕೋಪದಲ್ಲಿ ಮಗುವನ್ನು ಎತ್ತಿಕೊಂಡು ವಿಮಾನ ಹತ್ತುವ ಮೊದಲು ಎರಡೂ ಕಡೆಯ ಕಾನೂನು ಬಲ್ಲ ವಕೀಲರನ್ನು ಕೇಳಿ.

ಮದುವೆಯಾಗಿ ಹೋದ ಹೆಣ್ಣುಮಗಳ ಪಾಸ್‌ಪೋರ್ಟ್ ಅವಳ ಕೈಯಲ್ಲೇ ಇರಬೇಕು. ಅತ್ತೆಯ ಬೀರುವಿನಲ್ಲಿ ಅಲ್ಲ, ಗಂಡನ ಲಾಕರ್‌ನಲ್ಲೂ ಅಲ್ಲ. ಪಾಸ್‌ಪೋರ್ಟ್, ವೀಸಾ, ಮದುವೆ ಪ್ರಮಾಣಪತ್ರದ ಪ್ರತಿಗಳು ತವರಿನಲ್ಲೂ ಒಂದು ಸೆಟ್ ಇರಲಿ, ಅವಳದೇ ಇಮೇಲ್‌ನಲ್ಲೂ ಇರಲಿ. ಇಲ್ಲಿಗೆ ಬಂದ ವಿದೇಶಿ ಸೊಸೆ, ಅಳಿಯನ ವಿಷಯದಲ್ಲೂ ಹಾಗೆಯೇ. ಹೊರದೇಶದಲ್ಲಿ ಗಂಡ ಕೈಬಿಟ್ಟರೆ, ಅಥವಾ ಊರಿಗೆ ಕರೆತಂದು ಬಿಟ್ಟು ಹೋದರೆ, ರಾಷ್ಟ್ರೀಯ ಮಹಿಳಾ ಆಯೋಗದ ಎನ್‌ಆರ್‌ಐ ಘಟಕಕ್ಕೆ ದೂರು ಕೊಡಬಹುದು. ಅಲ್ಲಿದ್ದಾಗಲೇ ತೊಂದರೆಯಾದರೆ ಹತ್ತಿರದ ಭಾರತೀಯ ದೂತಾವಾಸ. ಪಾಸ್‌ಪೋರ್ಟ್ ಕಿತ್ತುಕೊಂಡಿದ್ದರೆ ಮೊದಲು ಅಲ್ಲಿನ ಪೊಲೀಸರಿಗೆ ದೂರು ಕೊಟ್ಟು ಅದರ ಪ್ರತಿ ಪಡೆದುಕೊಳ್ಳಿ, ಹೊಸ ಪಾಸ್‌ಪೋರ್ಟ್ ಕೇಳುವಾಗ ಅದು ಬೇಕಾಗುತ್ತದೆ.